ಅದಿತಿ ಅಶೋಕ್: ಬಹುಮಾನದ ಹಣವಿಲ್ಲದೆ ಆಡಿದ ವರ್ಷಗಳು

ಅದಿತಿ ಅಶೋಕ್ ಬೆಂಗಳೂರಿನ ಗಾಲ್ಫ್ ಆಟಗಾರ್ತಿ. ಹುಟ್ಟಿದ್ದು 1998ರ ಮಾರ್ಚ್ 29ರಂದು. ರಿಯೊ, ಟೋಕಿಯೊ, ಪ್ಯಾರಿಸ್ ಮೂರೂ ಒಲಿಂಪಿಕ್ಸ್‌ಗಳಲ್ಲಿ ಭಾರತದ ಪರ ಆಡಿದ್ದಾರೆ. 2020ರ ಸಾಲಿನ ಅರ್ಜುನ ಪ್ರಶಸ್ತಿ ಪಡೆದಿದ್ದಾರೆ. ಟೋಕಿಯೊದಲ್ಲಿ ಅವರು ನಾಲ್ಕನೆಯ ಸ್ಥಾನ ಪಡೆದ ದಿನ, ಗಾಲ್ಫ್ ಕೋಲನ್ನು ಹತ್ತಿರದಿಂದ ನೋಡದ ಮನೆಗಳಲ್ಲೂ ಬೆಳಬೆಳಗ್ಗೆ ಟಿವಿ ಹಾಕಿಕೊಂಡು ಕೂತಿದ್ದರು. ಅಂದಿನಿಂದ ಅವರ ಹೆಸರೆತ್ತಿದರೆ ಮಾತು ಆ ಬೆಳಗಿನ ಕಡೆಗೇ ಹೊರಳುತ್ತದೆ.

ಈ ಲೇಖನ ಅದಕ್ಕೂ ಹಿಂದಿನ ವರ್ಷಗಳ ಬಗ್ಗೆ ಹೆಚ್ಚು ಹೇಳುತ್ತದೆ. 2011ರಿಂದ 2015ರ ಕೊನೆಯವರೆಗೆ ಅದಿತಿ ಹವ್ಯಾಸಿ ಆಟಗಾರ್ತಿಯಾಗಿ ಗೆದ್ದ ಪಂದ್ಯಗಳು ಪತ್ರಿಕೆಗಳ ಕ್ರೀಡಾಪುಟದಲ್ಲಿ ಮೂಲೆಯ ಸುದ್ದಿಯಾಗಿದ್ದವು. ಟೋಕಿಯೊದಲ್ಲಿ ಕಂಡ ಆಟ ರೂಪುಗೊಂಡದ್ದು ಆ ವರ್ಷಗಳಲ್ಲೇ. ಗಾಲ್ಫ್ ಕಲಿಯುವ ಹುಡುಗಿಯೊಬ್ಬಳ ಮುಂದೆ ಯಾವ ದಾರಿ ಇದೆ ಎಂದು ತಿಳಿಯಬೇಕಾದರೂ ನೋಡಬೇಕಾದದ್ದು ಅಲ್ಲಿಯೇ.

ಹವ್ಯಾಸಿ ಎಂದರೆ ಯಾರು

ಕ್ರಿಕೆಟ್ ನೋಡಿ ಬೆಳೆದವರಿಗೆ ಈ ವಿಂಗಡಣೆ ಸ್ವಲ್ಪ ವಿಚಿತ್ರವೆನಿಸಬಹುದು. ಗಾಲ್ಫ್‌ನಲ್ಲಿ ಹವ್ಯಾಸಿ ಎಂದರೆ ಬಿಡುವಿನಲ್ಲಿ ಆಡುವವರು ಎಂದೇನೂ ಅಲ್ಲ. ದಿನಕ್ಕೆ ಆರು ತಾಸು ಅಭ್ಯಾಸ ಮಾಡಿ ದೇಶದ ತಂಡದಲ್ಲಿ ಆಡುವ ಹುಡುಗಿಯೂ ಹವ್ಯಾಸಿಯೇ ಆಗಿರಬಹುದು. ನಿಯಮ ಮುಖ್ಯವಾಗಿ ಹಣಕ್ಕೆ ಸಂಬಂಧಿಸಿದ್ದು. ಬ್ರಿಟನ್ನಿನ ಆರ್ ಅಂಡ್ ಎ ಮತ್ತು ಅಮೆರಿಕದ ಗಾಲ್ಫ್ ಸಂಸ್ಥೆ ಯುಎಸ್‌ಜಿಎ ಸೇರಿ ರೂಪಿಸಿರುವ ನಿಯಮಗಳ ಪ್ರಕಾರ ಹವ್ಯಾಸಿಗಳು ಒಂದು ಮಿತಿಗಿಂತ ಹೆಚ್ಚಿನ ಬಹುಮಾನ ತೆಗೆದುಕೊಳ್ಳುವಂತಿಲ್ಲ. ಹವ್ಯಾಸಿಯೊಬ್ಬರು ವೃತ್ತಿಪರರ ಪಂದ್ಯಕ್ಕೆ ಇಳಿದು ಗೆದ್ದರೆ ಟ್ರೋಫಿ ಅವರಿಗೆ, ಚೆಕ್ ಅವರ ಹಿಂದಿನ ವೃತ್ತಿಪರರಿಗೆ.

ಅದಿತಿ ಆಡುತ್ತಿದ್ದ ಕಾಲದಲ್ಲಿ ಈ ಕಟ್ಟುಪಾಡು ಇನ್ನೂ ಬಿಗಿಯಾಗಿತ್ತು. ಆಟದ ಹೆಸರನ್ನು ಜಾಹೀರಾತಿಗೆ ಬಳಸಿ ಸಂಪಾದಿಸುವಂತೆಯೂ ಇರಲಿಲ್ಲ. 2022ರ ಜನವರಿಯಿಂದ ನಿಯಮ ಸಡಿಲವಾಗಿದೆ. ಈಗ ಹವ್ಯಾಸಿಗಳು ಪ್ರಾಯೋಜಕರನ್ನು ಹುಡುಕಿಕೊಳ್ಳಬಹುದು, 1,000 ಡಾಲರ್‌ವರೆಗಿನ ಬಹುಮಾನ ಪಡೆಯಬಹುದು. ಹತ್ತು ವರ್ಷ ಮೊದಲೇ ಬರಬೇಕಿದ್ದ ಬದಲಾವಣೆ ಇದು. ಆಟಕ್ಕೆ ಸುರಿಯುವ ಹಣವೆಲ್ಲ ಮನೆಯಿಂದಲೇ ಬರಬೇಕು, ಆಟದಿಂದ ಒಂದು ರೂಪಾಯಿಯೂ ಹಿಂದಿರುಗಬಾರದು ಎಂದಾಗ ಎಷ್ಟು ಮನೆಗಳ ಹೆಣ್ಣುಮಕ್ಕಳು ಅರ್ಧದಲ್ಲೇ ಕೋಲು ಕೆಳಗಿಟ್ಟಿರಬಹುದು ಎಂದು ಯೋಚಿಸಿದರೆ ಸಂಕಟವಾಗುತ್ತದೆ.

ಹವ್ಯಾಸಿಗಳ ಮಟ್ಟವನ್ನು ಅಳೆಯುವುದು ಹ್ಯಾಂಡಿಕ್ಯಾಪ್‌ನಿಂದ, ಅಂದರೆ ಕೋರ್ಸ್‌ಗೆ ನಿಗದಿಯಾದ ಹೊಡೆತಗಳಿಗಿಂತ (ಪಾರ್) ಸುಮಾರು ಎಷ್ಟು ಹೆಚ್ಚು ಹೊಡೆಯುತ್ತಾರೆ ಎಂಬ ಸಂಖ್ಯೆಯಿಂದ. ಹೊಸದಾಗಿ ಕಲಿಯುವವರಿಗೆ ಅದು ಗರಿಷ್ಠ 54. ಆಟ ಪಳಗಿದಂತೆ ಇಳಿಯುತ್ತ ಬರುತ್ತದೆ. ಸೊನ್ನೆಗೆ ಬಂದವರನ್ನು ಸ್ಕ್ರ್ಯಾಚ್ ಆಟಗಾರರು ಎನ್ನುತ್ತಾರೆ. ಅಂತರರಾಷ್ಟ್ರೀಯ ಮಟ್ಟದ ಹವ್ಯಾಸಿಗಳು ಸೊನ್ನೆಯನ್ನೂ ದಾಟಿ ‘ಪ್ಲಸ್’ ಹ್ಯಾಂಡಿಕ್ಯಾಪ್‌ನಲ್ಲಿರುತ್ತಾರೆ. ಇದರ ಜತೆಗೆ ವಿಶ್ವ ಹವ್ಯಾಸಿ ರ್‍ಯಾಂಕಿಂಗ್ ಇದೆ. ಮಹಿಳೆಯರಿಗೆ ಈ ರ್‍ಯಾಂಕಿಂಗ್ ಆರಂಭವಾದದ್ದು 2011ರಲ್ಲಿ, ಅಂದರೆ ಅದಿತಿ ದೊಡ್ಡ ಪಂದ್ಯಗಳನ್ನು ಗೆಲ್ಲತೊಡಗಿದ ವರ್ಷವೇ.

ಬೆಂಗಳೂರಿನ ಗಾಲ್ಫ್ ಕೋರ್ಸ್‌ಗಳು

ನಗರದ ಅತಿ ಹಳೆಯ ಕೋರ್ಸ್ ಬೆಂಗಳೂರು ಗಾಲ್ಫ್ ಕ್ಲಬ್‌ನದು. 1876ರಲ್ಲಿ ಬ್ರಿಟಿಷರು ಕಟ್ಟಿದ ಈ ಕ್ಲಬ್ ಹೈಗ್ರೌಂಡ್ಸ್ ಬಳಿ ಸ್ಯಾಂಕಿ ರಸ್ತೆಗೆ ಹೊಂದಿಕೊಂಡಿದೆ. ಹೆಬ್ಬಾಳ, ಆರ್.ಟಿ. ನಗರ, ಯಶವಂತಪುರದವರಿಗೆ ಹತ್ತಿರದ 18 ಕುಳಿಗಳ ಕೋರ್ಸ್ ಇದೇ. ಸುತ್ತ ನಗರ ಒತ್ತಿಕೊಂಡು ಬಂದಿರುವುದರಿಂದ ಜಾಗ ಕಿರಿದು. ಚೆಂಡನ್ನು ದೂರ ಹೊಡೆಯುವುದಕ್ಕಿಂತ ನೇರ ಹೊಡೆಯುವುದು ಇಲ್ಲಿ ಹೆಚ್ಚು ಬೆಲೆಯ ಗುಣ.

ಎರಡನೆಯದು ಕರ್ನಾಟಕ ಗಾಲ್ಫ್ ಅಸೋಸಿಯೇಷನ್, ಆಟಗಾರರ ಬಾಯಲ್ಲಿ ಕೆಜಿಎ. ಹಳೆ ವಿಮಾನ ನಿಲ್ದಾಣ ರಸ್ತೆಯ ಬದಿಯಲ್ಲಿ, ಹಿಂದೆ ಚಲ್ಲಘಟ್ಟ ಕೆರೆಯಿದ್ದ ನೆಲದಲ್ಲಿದೆ. ವಿನ್ಯಾಸ ಮಾಡಿದವರು ಬ್ರಿಟಿಷ್ ಓಪನ್ ಅನ್ನು ಐದು ಸಲ ಗೆದ್ದ ಆಸ್ಟ್ರೇಲಿಯಾದ ಪೀಟರ್ ಥಾಮ್ಸನ್. ಮೈಸೂರು ರಸ್ತೆಯಲ್ಲಿ ಬಿಡದಿಯ ಈಗಲ್‌ಟನ್ ಇದೆ. ಬಹಳ ಈಚಿನದು ದೇವನಹಳ್ಳಿ ಆಚೆ ನಂದಿ ಬೆಟ್ಟದ ಬುಡದ ಪ್ರೆಸ್ಟೀಜ್ ಗಾಲ್ಫ್‌ಶೈರ್. ಯಲಹಂಕದವರಿಗೆ ಊರೊಳಗಿನ ಕೆಜಿಎಗಿಂತ ಊರ ಹೊರಗಿನ ಇದೇ ಸಲೀಸು. ಹೆಬ್ಬಾಳದ ಮೇಲ್ಸೇತುವೆಯಲ್ಲಿ ಸಿಕ್ಕಿಕೊಳ್ಳುವ ಗೋಜಿಲ್ಲ.

ಬೆಂಗಳೂರಿನ ಎತ್ತರವೂ ಆಟಕ್ಕೆ ಸೇರುತ್ತದೆ. ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಮೇಲಿರುವುದರಿಂದ ಇಲ್ಲಿನ ಗಾಳಿ ತೆಳು, ಚೆಂಡು ಕೆಲವು ಮೀಟರ್ ಹೆಚ್ಚೇ ಹಾರುತ್ತದೆ. ಇಲ್ಲಿ ಆಡಿ ಬೆಳೆದವರು ಚೆನ್ನೈಗೋ ಕೋಲ್ಕತ್ತಕ್ಕೋ ಹೋದಾಗ ಯಾವ ದೂರಕ್ಕೆ ಯಾವ ಕೋಲು ಎಂಬ ಲೆಕ್ಕವನ್ನು ಹೊಸದಾಗಿ ಹಾಕಿಕೊಳ್ಳಬೇಕು.

ಪಟಿಂಗ್ ಗ್ರೀನ್‌ನಲ್ಲಿ ಆರಂಭ

ಅದಿತಿಯ ತಂದೆ ಅಶೋಕ್ ಗುಡ್ಲಮಣಿ, ತಾಯಿ ಮಹೇಶ್ವರಿ. ಮಗಳು ಆಡಲು ಶುರುಮಾಡುವ ಮುಂಚೆ ಮನೆಯಲ್ಲಿ ಯಾರೂ ಗಾಲ್ಫ್ ಆಡಿದವರಲ್ಲ. ಅದಿತಿಗೆ ಐದು ವರ್ಷವಾಗಿದ್ದಾಗ ಕೆಜಿಎ ಪಕ್ಕದ ಹೋಟೆಲೊಂದರಲ್ಲಿ ತಿಂಡಿ ತಿನ್ನುತ್ತಿದ್ದ ಕುಟುಂಬಕ್ಕೆ ಚೆಂಡು ಹೊಡೆದು ಅಭ್ಯಾಸ ಮಾಡುವ ಡ್ರೈವಿಂಗ್ ರೇಂಜ್ ಕಣ್ಣಿಗೆ ಬಿತ್ತು. ಏನಿದು ನೋಡೋಣ ಎಂದು ಒಳಗೆ ಹೋದರು. ತಂದೆ, ತಾಯಿ, ಮಗಳು ಮೂವರೂ ಒಟ್ಟಿಗೇ ಆಟ ಕಲಿತರು. ಈ ಪ್ರಸಂಗವನ್ನು ಅದಿತಿ ಹಲವು ಸಂದರ್ಶನಗಳಲ್ಲಿ ಹೇಳಿದ್ದಾರೆ.

ಸಣ್ಣ ಮಕ್ಕಳು ಆಟ ಶುರುಮಾಡುವುದು ಸಾಮಾನ್ಯವಾಗಿ ಪಟಿಂಗ್ ಗ್ರೀನ್‌ನಲ್ಲಿ. ಒತ್ತಾಗಿ ಕತ್ತರಿಸಿದ ಹುಲ್ಲಿನ ಮೇಲೆ ಚೆಂಡನ್ನು ಉರುಳಿಸಿ ಕುಳಿಗೆ ಸೇರಿಸುವ ಅಭ್ಯಾಸ ಅದು. ನೋಡುವವರಿಗೆ ಮಕ್ಕಳಾಟ. ಕುಳಿಯ ಅಗಲ 108 ಮಿಲಿಮೀಟರ್, ಚೆಂಡಿನದು 43 ಮಿಲಿಮೀಟರ್‌ಗಿಂತ ತುಸು ಕಡಿಮೆ. ಆದರೆ ನೆಲ ಎಲ್ಲಿಯೂ ಸಮ ಇರುವುದಿಲ್ಲ. ಬರಿಗಣ್ಣಿಗೆ ಕಾಣದ ಇಳಿಜಾರು ಚೆಂಡನ್ನು ಒಂದು ಪಕ್ಕಕ್ಕೆ ಎಳೆಯುತ್ತದೆ. ಹುಲ್ಲು ಯಾವ ಕಡೆಗೆ ಬಾಗಿದೆಯೋ ಆ ಕಡೆ ಚೆಂಡು ಬೇಗ ಓಡುತ್ತದೆ, ಎದುರಾದರೆ ನಿಧಾನಿಸುತ್ತದೆ. ಬೆಳಗ್ಗೆ ಇಬ್ಬನಿಯಿದ್ದಾಗ ಇದ್ದ ವೇಗ ಮಧ್ಯಾಹ್ನ ಇರುವುದಿಲ್ಲ. ಚೆಂಡಿನ ಹಿಂದೆ ಕುಕ್ಕರಗಾಲಲ್ಲಿ ಕೂತು ಒಮ್ಮೆ, ಕುಳಿಯ ಆಚೆ ಬದಿಯಿಂದ ಒಮ್ಮೆ ನೋಡಿ, ಮಧ್ಯದ ನೆಲ ತಗ್ಗೋ ಉಬ್ಬೋ ಎಂದು ಪಾದದಲ್ಲೇ ತಿಳಿದುಕೊಂಡು ಹೊಡೆಯಬೇಕು. ಮೂರು ಮೀಟರ್ ದೂರದ ಒಂದು ಪಟ್‌ಗೆ ಇಷ್ಟು ಲೆಕ್ಕ. ಇದನ್ನು ಬಾಯಿಮಾತಿನಲ್ಲಿ ಕಲಿಸಲು ಬರುವುದಿಲ್ಲ. ಸಾವಿರಾರು ಸಲ ಉರುಳಿಸಿ ಕೈಗೆ ರೂಢಿಯಾಗಬೇಕು.

ಮೈಬಲ ಬರುವ ಮುಂಚೆಯೇ ಈ ರೂಢಿ ಹತ್ತಿದ್ದು ಅದಿತಿಯ ಆಟದ ದಿಕ್ಕನ್ನು ನಿರ್ಧರಿಸಿತು ಎಂಬುದು ನನ್ನ ಅಭಿಪ್ರಾಯ. ಮುಂದೆ ವಿಶ್ವದ ದೊಡ್ಡ ಆಟಗಾರ್ತಿಯರ ನಡುವೆ ನಿಂತಾಗಲೂ ದೂರ ಹೊಡೆಯುವುದರಲ್ಲಿ ಅವರು ಹಿಂದೆಯೇ ಉಳಿದರು. ಗ್ರೀನ್ ಮೇಲೆ ಬಂದ ಮೇಲೆ ಅವರನ್ನು ಸರಿಗಟ್ಟುವವರು ಕಡಿಮೆ. ಬೆಂಗಳೂರಿನ ತರುಣ್ ಸರ್ದೇಸಾಯಿ, ಬಂಬಿ ರಾಂಧವ, ಆಮೇಲೆ ಸ್ಟೀವನ್ ಜೂಲಿಯಾನೊ ಅವರಿಗೆ ತರಬೇತಿ ಕೊಟ್ಟರು. ಓದಿದ್ದು ನಗರದ ಫ್ರಾಂಕ್ ಆಂಥನಿ ಪಬ್ಲಿಕ್ ಶಾಲೆಯಲ್ಲಿ.

2011ರಿಂದ 2014: ರಾಜ್ಯ, ದೇಶ, ಏಷ್ಯಾ

2011ರಲ್ಲಿ, ಹದಿಮೂರನೇ ವಯಸ್ಸಿಗೆ, ಅದಿತಿ ಕರ್ನಾಟಕ ಜೂನಿಯರ್ ಮತ್ತು ದಕ್ಷಿಣ ಭಾರತ ಜೂನಿಯರ್ ಚಾಂಪಿಯನ್‌ಷಿಪ್ ಗೆದ್ದರು. ಅದೇ ವರ್ಷ ರಾಷ್ಟ್ರೀಯ ಹವ್ಯಾಸಿ ಪ್ರಶಸ್ತಿಯೂ ಬಂತು. ಅದೇ ವರ್ಷ ದೇಶದ ವೃತ್ತಿಪರ ಮಹಿಳೆಯರ ಪಂದ್ಯ ಸರಣಿಗೆ (ಟೂರ್) ಹವ್ಯಾಸಿಯಾಗಿ ಇಳಿದು, ತನಗಿಂತ ಎಷ್ಟೋ ವರ್ಷ ದೊಡ್ಡವರಾದ, ಆಟವನ್ನೇ ನೆಚ್ಚಿ ಬದುಕುತ್ತಿದ್ದವರನ್ನು ಸೋಲಿಸಿದರು. ಮೇಲೆ ಹೇಳಿದ ನಿಯಮದಂತೆ ಹಣ ಬೇರೆಯವರ ಪಾಲಾಯಿತು.

2012, 2013, 2014ರಲ್ಲಿ ಸತತ ಮೂರು ಸಲ ರಾಷ್ಟ್ರೀಯ ಜೂನಿಯರ್ ಚಾಂಪಿಯನ್. 2014ರಲ್ಲಿ ಜೂನಿಯರ್ ಜತೆಗೆ ಹಿರಿಯರ ಪ್ರಶಸ್ತಿಯನ್ನೂ ತೆಗೆದುಕೊಂಡರು. 2013ರಲ್ಲಿ ನಾನ್‌ಜಿಂಗ್‌ನ ಏಷ್ಯನ್ ಯೂತ್ ಗೇಮ್ಸ್, 2014ರ ಆಗಸ್ಟ್‌ನಲ್ಲಿ ಅದೇ ಊರಿನ ಯೂತ್ ಒಲಿಂಪಿಕ್ಸ್, ಮುಂದಿನ ತಿಂಗಳು ಇಂಚಿಯಾನ್‌ನ ಏಷ್ಯನ್ ಗೇಮ್ಸ್. ಇದಕ್ಕೆ 2016ರ ರಿಯೊ ಸೇರಿಸಿದರೆ, ಈ ನಾಲ್ಕೂ ಕೂಟಗಳಲ್ಲಿ ಆಡಿದ ಮೊದಲ ಭಾರತೀಯ ಗಾಲ್ಫರ್ ಎಂಬ ದಾಖಲೆ ಅವರದಾಗುತ್ತದೆ.

ಪಟ್ಟಿ ಓದಲು ಸುಲಭ. ಹಿಂದಿನ ಶ್ರಮ ಬೇರೆಯೇ. ಹವ್ಯಾಸಿ ಪಂದ್ಯವೆಂದರೆ ಮೂರು ನಾಲ್ಕು ದಿನ, ದಿನಕ್ಕೆ 18 ಕುಳಿ, ಏಳೆಂಟು ಕಿಲೋಮೀಟರ್ ನಡಿಗೆ. ಚೀಲದಲ್ಲಿ 14 ಕೋಲುಗಳವರೆಗೆ ಇಟ್ಟುಕೊಳ್ಳಬಹುದು. ಅಭ್ಯಾಸದ ಸುತ್ತಿಗೆ ಒಂದೆರಡು ದಿನ ಮೊದಲೇ ಹೋಗಬೇಕು. ಶಾಲೆಗೆ ಅಷ್ಟು ದಿನ ರಜೆ, ಜತೆಗೆ ಹೋಗುವ ತಂದೆಗೋ ತಾಯಿಗೋ ಅಷ್ಟು ದಿನ ಕೆಲಸ ತಪ್ಪಿತು. 2008ರಲ್ಲಿ ವಿಮಾನ ನಿಲ್ದಾಣ ದೇವನಹಳ್ಳಿಗೆ ಹೋದ ಮೇಲೆ ದಿಲ್ಲಿಯ ಪಂದ್ಯಕ್ಕೂ ಕೋಲ್ಕತ್ತದ ಪಂದ್ಯಕ್ಕೂ ನಗರದ ಆಟಗಾರರೆಲ್ಲ ಉದ್ದನೆಯ ಚೀಲ ಹೇರಿಕೊಂಡು ಹೆಬ್ಬಾಳ, ಯಲಹಂಕ ದಾಟಿಯೇ ಹೋಗಬೇಕಾಯಿತು. ಅದಕ್ಕೆ ಮುಂಚೆ ನಿಲ್ದಾಣವಿದ್ದದ್ದು ಕೆಜಿಎ ಮಗ್ಗುಲಲ್ಲೇ.

ಸಹಿ ಹಾಕುವ ಶಿಸ್ತು

ಗಾಲ್ಫ್‌ನಲ್ಲಿ ಪ್ರತಿ ಹೊಡೆತವನ್ನೂ ನೋಡುವ ಅಂಪೈರ್ ಇರುವುದಿಲ್ಲ. ಜತೆಯಲ್ಲಿ ಆಡುವವರು ಒಬ್ಬರ ಲೆಕ್ಕವನ್ನು ಇನ್ನೊಬ್ಬರು ಬರೆಯುತ್ತಾರೆ. ಆಟ ಮುಗಿದ ಮೇಲೆ ಕಾರ್ಡ್ ನೋಡಿ ಸಹಿ ಹಾಕುವುದು ಆಟಗಾರ್ತಿಯ ಹೊಣೆ. ಯಾವುದಾದರೂ ಕುಳಿಯಲ್ಲಿ ಹೊಡೆದದ್ದು ಐದಾಗಿದ್ದು ಕಾರ್ಡಿನಲ್ಲಿ ನಾಲ್ಕು ಎಂದಿದ್ದರೆ, ಅದನ್ನು ಗಮನಿಸದೆ ಸಹಿ ಹಾಕಿದರೆ ಅನರ್ಹತೆ. ಹೆಚ್ಚು ಬರೆದಿದ್ದರೆ ಆ ಹೆಚ್ಚಿನ ಅಂಕವೇ ಖಾಯಂ. ಚೆಂಡು ತಾನಾಗಿ ಕದಲಿತೋ ತನ್ನ ಕೋಲು ತಗುಲಿತೋ ಎಂಬುದು ಎಷ್ಟೋ ಸಲ ಆಡುವವಳಿಗೆ ಮಾತ್ರ ಗೊತ್ತು. ದಂಡವನ್ನೂ ಅವಳೇ ಹೇಳಿಕೊಳ್ಳಬೇಕು. ಹತ್ತು ಹನ್ನೆರಡು ವರ್ಷದ ಮಕ್ಕಳು ಈ ಜವಾಬ್ದಾರಿ ಹೊತ್ತು ಮೈದಾನಕ್ಕೆ ಇಳಿಯುತ್ತಾರೆ. ಮಕ್ಕಳಿಗೆ ಇಷ್ಟು ವಿಶ್ವಾಸ ಕೊಡುವ ಆಟ ಬೇರೆ ಇದೆಯೇ ಎಂದು ನನಗೆ ಅನುಮಾನ.

2015: ಬ್ರಿಟನ್ನಿನಲ್ಲಿ ಎರಡು ಗೆಲುವು

ಹವ್ಯಾಸಿಯಾಗಿ ಕೊನೆಯ ವರ್ಷವೇ ಅತ್ಯುತ್ತಮ ವರ್ಷವೂ ಆಯಿತು. 2015ರಲ್ಲಿ ಅದಿತಿ ಸ್ಕಾಟ್ಲೆಂಡಿನ ಸೇಂಟ್ ಆಂಡ್ರೂಸ್‌ನಲ್ಲಿ ಸೇಂಟ್ ರೂಲ್ ಟ್ರೋಫಿ ಗೆದ್ದರು. ಗಾಲ್ಫ್‌ನ ತವರು ಎಂದು ಹೆಸರಾದ ಊರು ಅದು. ಈ ಪಂದ್ಯ ನಡೆಯುವುದು ಅಲ್ಲಿನ ನ್ಯೂ ಕೋರ್ಸ್ ಮತ್ತು ಓಲ್ಡ್ ಕೋರ್ಸ್‌ಗಳಲ್ಲಿ. ಅದೇ ವರ್ಷ ಬ್ರಿಟಿಷ್ ಮಹಿಳಾ ಓಪನ್ ಅಮೆಚೂರ್ ಸ್ಟ್ರೋಕ್ ಪ್ಲೇ ಚಾಂಪಿಯನ್‌ಷಿಪ್ ಕೂಡ ಅವರದಾಯಿತು. ಥಾಯ್ಲೆಂಡಿನ ಅಮೆಚೂರ್ ಓಪನ್, ಸ್ವದೇಶದ ದಕ್ಷಿಣ ಭಾರತ ಪ್ರಶಸ್ತಿ ಬೇರೆ.

ಬೆಂಗಳೂರಿನ ಹುಡುಗಿ ಸೇಂಟ್ ಆಂಡ್ರೂಸ್‌ನಲ್ಲಿ ಗೆದ್ದದ್ದರ ತೂಕ ತಿಳಿಯಬೇಕಾದರೆ ಎರಡೂ ಕಡೆಯ ನೆಲ ನೋಡಬೇಕು. ಇಲ್ಲಿ ಮರಗಳ ಸಾಲಿನ ನಡುವೆ ಮೆತ್ತನೆಯ ಹುಲ್ಲು. ಚೆಂಡನ್ನು ಎತ್ತರಕ್ಕೆ ಹಾರಿಸಿ ಗ್ರೀನ್ ಮೇಲೆ ಇಳಿಸಿದರೆ ಅಲ್ಲೇ ನಿಲ್ಲುತ್ತದೆ. ಅಲ್ಲಿ ಸಮುದ್ರದಂಡೆಯ ಮರಳುನೆಲ, ಮರವೇ ಇಲ್ಲ. ಎತ್ತರಕ್ಕೆ ಹೋದ ಚೆಂಡನ್ನು ಗಾಳಿ ಎತ್ತಿಕೊಂಡು ಹೋಗುತ್ತದೆ. ತಗ್ಗಿನಲ್ಲಿ ಹೊಡೆದು ಗಟ್ಟಿನೆಲದ ಮೇಲೆ ಪುಟಿಸಿ ಉರುಳಿಸಬೇಕು. ಬೇಸಗೆಯಲ್ಲೂ ಚಳಿ, ನಡುವೆ ಮಳೆ. ಕಲಿತದ್ದರಲ್ಲಿ ಅರ್ಧ ಮರೆತು ಹೊಸದಾಗಿ ಆಡಬೇಕಾದ ಜಾಗ ಅದು. ಹದಿನೇಳು ವರ್ಷದವರೊಬ್ಬರು ಅದನ್ನು ಸಾಧಿಸಿದ್ದು ಟೋಕಿಯೊದ ನಾಲ್ಕನೆಯ ಸ್ಥಾನಕ್ಕೆ ಸಮನಾದ ಸಾಧನೆ ಎಂದೇ ನಾನು ಎಣಿಸುತ್ತೇನೆ.

ಅದೇ ಡಿಸೆಂಬರ್‌ನಲ್ಲಿ ಮೊರಾಕ್ಕೊದಲ್ಲಿ ನಡೆದ ಯುರೋಪಿಯನ್ ಮಹಿಳಾ ಟೂರ್‌ನ ಅರ್ಹತಾ ಪಂದ್ಯ, ಲಲ್ಲಾ ಆಯಿಷಾ ಟೂರ್ ಸ್ಕೂಲ್, ಅದಿತಿ ಪಾಲಾಯಿತು. ಅದನ್ನು ಗೆದ್ದ ಮೊದಲ ಭಾರತೀಯರು, ಅತಿ ಕಿರಿಯರೂ ಅವರೇ. ಗೆದ್ದಾಗ ಇನ್ನೂ ಹವ್ಯಾಸಿ. 2016ರ ಜನವರಿ 1ರಂದು ವೃತ್ತಿಪರರಾದರು. ಅಮೆರಿಕದ ಕಾಲೇಜುಗಳಲ್ಲಿ ಗಾಲ್ಫ್ ವಿದ್ಯಾರ್ಥಿವೇತನ ಪಡೆದು ನಾಲ್ಕು ವರ್ಷ ಹವ್ಯಾಸಿಯಾಗಿಯೇ ಆಡುವುದು ಈ ವಯಸ್ಸಿನ ಬಹುತೇಕ ಪ್ರತಿಭಾವಂತರ ದಾರಿ. ಅದಿತಿ ಆ ದಾರಿ ಬಿಟ್ಟರು. ಹನ್ನೆರಡನೇ ತರಗತಿ ಮುಗಿಸಿದ ವರ್ಷವೇ ಒಲಿಂಪಿಕ್ಸ್‌ಗೆ ಹೋದರು.

ರಿಯೊದಿಂದ ಹಾಂಗ್‌ಝೌವರೆಗೆ

ಗಾಲ್ಫ್ ಒಲಿಂಪಿಕ್ಸ್‌ಗೆ ಮರಳಿದ್ದು 2016ರಲ್ಲಿ, 112 ವರ್ಷಗಳ ನಂತರ. ಮಹಿಳೆಯರು ಅದಕ್ಕೂ ಮುಂಚೆ ಆಡಿದ್ದು 1900ರಲ್ಲಿ ಮಾತ್ರ. ರಿಯೊದ 60 ಆಟಗಾರ್ತಿಯರಲ್ಲಿ ಹದಿನೆಂಟರ ಅದಿತಿಯೇ ಅತಿ ಕಿರಿಯರು. ಚೀಲ ಹೊತ್ತವರು ತಂದೆ. ಮೊದಲೆರಡು ದಿನ 68, 68 ಹೊಡೆದು ಮೊದಲ ಹತ್ತರೊಳಗಿದ್ದರು. ಕೊನೆಗೆ 41ನೇ ಸ್ಥಾನಕ್ಕೆ ಇಳಿದರು. ಅದೇ ನವೆಂಬರ್‌ನಲ್ಲಿ ಗುರುಗ್ರಾಮದಲ್ಲಿ ಮಹಿಳಾ ಇಂಡಿಯನ್ ಓಪನ್ ಗೆದ್ದು ಯುರೋಪಿಯನ್ ಟೂರ್‌ನಲ್ಲಿ ಪ್ರಶಸ್ತಿ ಪಡೆದ ಮೊದಲ ಭಾರತೀಯ ಮಹಿಳೆಯಾದರು. ಬೆನ್ನಿಗೇ ಕತಾರ್ ಓಪನ್. ಮುಂದಿನ ವರ್ಷ ಅಬುಧಾಬಿಯಲ್ಲಿ, 2023ರಲ್ಲಿ ಕೀನ್ಯಾ ಮತ್ತು ಸ್ಪೇನ್‌ನಲ್ಲಿ ಗೆದ್ದರು.

ಟೋಕಿಯೊಗೆ ಹೋದಾಗ ಅವರ ವಿಶ್ವ ರ್‍ಯಾಂಕಿಂಗ್ 200. ಅದಕ್ಕೂ ಮುಂಚೆ ಕೋವಿಡ್ ಆಗಿ ಮೈಬಲ ಕುಗ್ಗಿತ್ತು, ಹೊಡೆತದ ದೂರ ಇನ್ನೂ ಕಡಿಮೆಯಾಗಿತ್ತು. ಈ ಸಲ ಚೀಲ ತಾಯಿಯ ಹೆಗಲ ಮೇಲೆ. 67, 66, 68, 68: ಒಟ್ಟು 269, ಪಾರ್‌ಗಿಂತ 15 ಕಡಿಮೆ. ಕೊನೆಯ ದಿನ ಗುಡುಗು ಮಳೆಗೆ ಆಟ ನಿಂತು ಮತ್ತೆ ಶುರುವಾಯಿತು. ಕೊನೆಯ ಕುಳಿಯಲ್ಲಿ ಬರ್ಡಿ (ಪಾರ್‌ಗಿಂತ ಒಂದು ಹೊಡೆತ ಕಡಿಮೆ) ಸಿಕ್ಕಿದ್ದರೆ ಪ್ಲೇಆಫ್‌ನಲ್ಲಿರುತ್ತಿದ್ದರು. ಚೆಂಡು ಕುಳಿ ಸೇರಲಿಲ್ಲ. ಅಮೆರಿಕದ ನೆಲ್ಲಿ ಕೊರ್ಡಾ 17 ಕಡಿಮೆಯಲ್ಲಿ ಚಿನ್ನ ಗೆದ್ದರು. 16 ಕಡಿಮೆಯಲ್ಲಿ ಸಮವಾಗಿದ್ದ ಜಪಾನಿನ ಮೋನೆ ಇನಾಮಿ ಮತ್ತು ನ್ಯೂಜಿಲೆಂಡಿನ ಲಿಡಿಯಾ ಕೊ ಬೆಳ್ಳಿಗೆ, ಕಂಚಿಗೆ ಪ್ಲೇಆಫ್ ಆಡಿದರು. ಅದಿತಿ ಒಂದೇ ಹೊಡೆತದಿಂದ ಹಿಂದೆ ಬಿದ್ದರು. ದೂರದ ಹೊಡೆತದಲ್ಲಿ ಬಹುತೇಕ ಎಲ್ಲರಿಗಿಂತ ಹಿಂದಿದ್ದವರನ್ನು ನಾಲ್ಕು ದಿನವೂ ಪದಕದ ಹತ್ತಿರ ಇರಿಸಿದ್ದು ಪಟಿಂಗ್.

2023ರ ಅಕ್ಟೋಬರ್ 1ರಂದು ಹಾಂಗ್‌ಝೌ ಏಷ್ಯನ್ ಗೇಮ್ಸ್‌ನಲ್ಲಿ ಬೆಳ್ಳಿ ಬಂತು. ಏಷ್ಯನ್ ಗೇಮ್ಸ್ ಗಾಲ್ಫ್‌ನಲ್ಲಿ ಭಾರತದ ಮಹಿಳೆಯೊಬ್ಬರಿಗೆ ಸಿಕ್ಕ ಮೊದಲ ಪದಕವದು. ಮೂರನೆಯ ದಿನ 61 ಹೊಡೆದು ಏಳು ಹೊಡೆತಗಳ ಮುನ್ನಡೆಯಲ್ಲಿದ್ದವರು ಕೊನೆಯ ದಿನ 77ಕ್ಕೆ ಜಾರಿದರು. ಚಿನ್ನ ಥಾಯ್ಲೆಂಡಿನ ಆರ್ಪಿಚಾಯಾ ಯುಬೋಲ್ ಪಾಲಾಯಿತು.

ಕ್ಯಾಡಿಗಳ ದಾರಿ, ಹುಡುಗಿಯರ ದಾರಿ

ಹಣವಿಲ್ಲದ ಮನೆಯಿಂದ ಬಂದು ಗಾಲ್ಫ್‌ನಲ್ಲಿ ಮೇಲೆ ಬಂದವರು ಬೆಂಗಳೂರಿನಲ್ಲಿ ಇದ್ದಾರೆ. ಸಿ. ಮುನಿಯಪ್ಪ ಕೆಜಿಎಯಲ್ಲಿ ಕ್ಯಾಡಿಯಾಗಿ ಬೇರೆಯವರ ಚೀಲ ಹೊರುತ್ತ ಆಟ ಕಲಿತವರು. 2009ರಲ್ಲಿ ಇಂಡಿಯನ್ ಓಪನ್ ಗೆದ್ದರು. ಕ್ಯಾಡಿಗೆ ಕೋರ್ಸ್‌ನ ಮೂಲೆಮೂಲೆ ಗೊತ್ತು, ಒಳ್ಳೆಯ ಆಟಗಾರರ ಹೊಡೆತ ದಿನವೂ ಕಣ್ಣಮುಂದೆ ನಡೆಯುತ್ತದೆ. ಭಾರತದ ಎಷ್ಟೋ ವೃತ್ತಿಪರ ಪುರುಷ ಆಟಗಾರರು ಈ ಬಾಗಿಲಿನಿಂದಲೇ ಬಂದವರು.

ಹುಡುಗಿಯರಿಗೆ ಈ ಬಾಗಿಲಿಲ್ಲ. ನಮ್ಮ ಕೋರ್ಸ್‌ಗಳಲ್ಲಿ ಚೀಲ ಹೊರುವ ಕೆಲಸ ಗಂಡಸರದೇ ಆಗಿ ಉಳಿದಿದೆ. ಹಾಗಾಗಿ ಹೆಣ್ಣುಮಕ್ಕಳು ಈ ಆಟಕ್ಕೆ ಬರುವುದು ಸದಸ್ಯತ್ವವಿರುವ, ಇಲ್ಲವೇ ಖರ್ಚು ತಡೆದುಕೊಳ್ಳಬಲ್ಲ ಮನೆಗಳಿಂದ. ಅದಿತಿಯ ಕಥೆಯಲ್ಲಿ ನನಗೆ ಮುಖ್ಯವಾಗಿ ಕಾಣುವುದು, ಗಾಲ್ಫ್ ಗೊತ್ತಿಲ್ಲದ ಕುಟುಂಬವೊಂದು ರೇಂಜ್ ಒಳಗೆ ಕಾಲಿಡಲು ಸಾಧ್ಯವಾಯಿತು ಎಂಬುದು. ಗೇಟಿನಲ್ಲಿ ಯಾರಾದರೂ ತಡೆದಿದ್ದರೆ ಮುಂದಿನದು ಯಾವುದೂ ಇರುತ್ತಿರಲಿಲ್ಲ. ಹಣ ಕೊಟ್ಟು ಒಂದು ಬುಟ್ಟಿ ಚೆಂಡು ಹೊಡೆದು ಬರಬಹುದಾದ ರೇಂಜ್‌ಗಳು ನಗರದಲ್ಲಿ ಹೆಚ್ಚಬೇಕು. ಯಲಹಂಕ, ಜಕ್ಕೂರು ಕಡೆ ಇಷ್ಟೆಲ್ಲ ಬಡಾವಣೆಗಳು ಎದ್ದಿರುವಾಗ ಸರ್ಕಾರಿ ಶಾಲೆಯ ಹುಡುಗಿಯೂ ಹೋಗಬಹುದಾದ ಒಂದು ಸಾರ್ವಜನಿಕ ಪಟಿಂಗ್ ಗ್ರೀನ್‌ಗೆ ಜಾಗ ಇರಲೇಬೇಕು. ಪಟಿಂಗ್ ಗ್ರೀನ್‌ಗೆ ಬೇಕಾಗುವುದು ಒಂದು ಸಣ್ಣ ಉದ್ಯಾನದಷ್ಟು ನೆಲ, ನೀರು, ಹುಲ್ಲು ನೋಡಿಕೊಳ್ಳುವ ಒಬ್ಬ ಮಾಲಿ.

ಹಿಂದೆ, ಮುಂದೆ

ಅದಿತಿಗೂ ಮುಂಚೆ ಬೆಂಗಳೂರಿನ ಶರ್ಮಿಳಾ ನಿಕೋಲೆ ಯುರೋಪಿಯನ್ ಟೂರ್ ತಲುಪಿದ್ದರು. 1991ರಲ್ಲಿ ಹುಟ್ಟಿದ ಅವರು 2009ರಲ್ಲಿ ವೃತ್ತಿಪರರಾದರು, 2012ರಲ್ಲಿ ಟೂರ್‌ಗೆ ಅರ್ಹತೆ ಪಡೆದರು. ಅವರಿಗೂ ಮುಂಚೆ ಕೋಲ್ಕತ್ತದ ಸ್ಮೃತಿ ಮೆಹ್ರಾ.

ಅದಿತಿಯ ನಂತರ ಬಂದವರಲ್ಲಿ ಮೈಸೂರಿನ ಪ್ರಣವಿ ಅರಸ್ ಮತ್ತು ಬೆಂಗಳೂರಿನ ಅವನಿ ಪ್ರಶಾಂತ್ ಎದ್ದು ಕಾಣುತ್ತಾರೆ. ಹಾಂಗ್‌ಝೌನಲ್ಲಿ ಭಾರತದ ಮಹಿಳಾ ತಂಡವೆಂದರೆ ಅದಿತಿ, ಪ್ರಣವಿ, ಅವನಿ. ದೇಶದ ತಂಡದ ಮೂವರೂ ಕರ್ನಾಟಕದವರು. ಅವನಿ ಆಗ ಇನ್ನೂ ಹವ್ಯಾಸಿ. ಅದೇ ವರ್ಷ ಮನಿಲಾದಲ್ಲಿ, ಏಷ್ಯಾ-ಪೆಸಿಫಿಕ್ ದೇಶಗಳ ಹವ್ಯಾಸಿ ಮಹಿಳೆಯರು 1979ರಿಂದ ಆಡುತ್ತ ಬಂದಿರುವ ಕ್ವೀನ್ ಸಿರಿಕಿತ್ ಕಪ್‌ನಲ್ಲಿ ವೈಯಕ್ತಿಕ ಪ್ರಶಸ್ತಿ ಗೆದ್ದಿದ್ದರು. ದೇಶದ ವೃತ್ತಿಪರ ಟೂರ್‌ನಲ್ಲೂ ಹವ್ಯಾಸಿಯಾಗಿದ್ದಾಗಲೇ ಗೆದ್ದರು, ಹದಿಮೂರರ ಅದಿತಿ ಮಾಡಿದ ಹಾಗೆ. ಈಗಿನ ಹವ್ಯಾಸಿಗಳಿಗೆ ಅದಿತಿಯ ಕಾಲದಲ್ಲಿಲ್ಲದ ಒಂದು ಮೆಟ್ಟಿಲೂ ಇದೆ: 2018ರಲ್ಲಿ ಸಿಂಗಪುರದಲ್ಲಿ ಆರಂಭವಾದ ಏಷ್ಯಾ-ಪೆಸಿಫಿಕ್ ಮಹಿಳಾ ಅಮೆಚೂರ್. ಅದನ್ನು ಗೆದ್ದವರಿಗೆ ಮಹಿಳಾ ಬ್ರಿಟಿಷ್ ಓಪನ್‌ಗೆ ನೇರ ಪ್ರವೇಶ ಸಿಗುತ್ತದೆ.